ಹೈಮಾಸ್ಟ್ ಕೆಳಗೆ ಆಂಡ್ರೊಮಿಡಾ

ಕಳೆದ ಶನಿವಾರ ಒಂದು ಗ್ಯಾಲಕ್ಸಿ ನೋಡಲು ಹೋಗಿ, ಒಂದು ಲೈಟು ಕಂಬ ನೋಡಿಕೊಂಡು ಬಂದೆ.

ನಗಬೇಡಿ. ನಿಮ್ಮೂರಲ್ಲೂ ಇದು ಆಗಬಹುದು.

ಚನ್ನರಾಯನದುರ್ಗದಿಂದ ಸ್ವಲ್ಪ ಆಚೆ ಒಂದು ಹಳ್ಳಿ. (ಹೆಸರು ಹೇಳುವುದಿಲ್ಲ. ಅಲ್ಲೂ ಈ ಅಂಕಣ ಓದುವವರಿದ್ದಾರೆ, ನನಗೆ ಆ ದಾರಿಯಲ್ಲಿ ಓಡಾಡುವುದಿದೆ.) ಅಲ್ಲಿನ ಯುವಕರ ಸಂಘದವರು ಶಾಲೆಯ ಮೈದಾನದಲ್ಲಿ ನಕ್ಷತ್ರ ವೀಕ್ಷಣೆ ಇಟ್ಟುಕೊಂಡಿದ್ದರು. ಶಿವರಾತ್ರಿ ಹತ್ತಿರ ಬಂದಿತ್ತು, ಸಂಜೆ ಹೊತ್ತು ಚಂದ್ರನ ಕಾಟವಿಲ್ಲ. ಊರಾಚೆಯ ಮೈದಾನ, ಸುತ್ತ ಒಳ್ಳೆಯ ಕತ್ತಲೆ. ತುಮಕೂರಿನಿಂದ ಬ್ಯಾಂಕ್ ಉದ್ಯೋಗಿ ಹೆಣ್ಣುಮಗಳೊಬ್ಬರು ತಮ್ಮ ಸ್ವಂತ ಟೆಲಿಸ್ಕೋಪನ್ನು ಕಾರಿನ ಹಿಂದಿನ ಸೀಟಿನಲ್ಲಿ ಮಗುವಿನ ಹಾಗೆ ಮಲಗಿಸಿಕೊಂಡು ಬಂದಿದ್ದರು.

ನಾನು ಹೋದದ್ದು ನಾಗರತ್ನಮ್ಮ ಮೇಡಂಗಾಗಿ. ಹೈಸ್ಕೂಲಿನಲ್ಲಿ ನನಗೆ ವಿಜ್ಞಾನ ಹೇಳಿಕೊಟ್ಟವರು. ಪಾವಗಡದ ಕಡೆಯವರು, ಶಿಷ್ಯನ ತಲೆ ನೆರೆತಿದ್ದರೂ ಅವರ ಬಾಯಲ್ಲಿ ಅವನು ತೆಲುಗಿನ ‘ಅಬ್ಬಾಯಿ’ಯೇ, ಹುಡುಗನೇ. ಈಗ ಕೊರಟಗೆರೆಯಲ್ಲಿ ತಂಗಿಯ ಜೊತೆಗಿದ್ದಾರೆ. ಒಂದು ಕಣ್ಣು ಆಗಲೇ ಹೋಗಿದೆ. ಇನ್ನೊಂದರ ನರವೂ ಒಣಗುತ್ತಿದೆ, ಹೋದದ್ದು ವಾಪಸ್ ಬರುವುದಿಲ್ಲ, ಒಂದು ವರ್ಷ ನಡೆದರೆ ಹೆಚ್ಚು ಎಂದು ಡಾಕ್ಟರು ಹೇಳಿಬಿಟ್ಟಿದ್ದಾರೆ.

ಮೇಡಂ ಅದಕ್ಕೆ ಅಳುತ್ತಾ ಕೂತವರಲ್ಲ. ಕೇಳಿದ್ದು ಒಂದೇ. ಸರ್ವೀಸಿನುದ್ದಕ್ಕೂ ಆಂಡ್ರೊಮಿಡಾ ಗ್ಯಾಲಕ್ಸಿಯನ್ನು ಬೋರ್ಡಿನ ಮೇಲೆ ಸೀಮೆಸುಣ್ಣ ಉಜ್ಜಿ ತೋರಿಸಿದ್ದಾಯಿತು, ನಿಜವಾದದ್ದನ್ನು ಒಮ್ಮೆಯೂ ನೋಡಿಲ್ಲ, ಕಣ್ಣಿರುವಾಗಲೇ ನೋಡಿಬಿಡಬೇಕು, ಕರೆದುಕೊಂಡು ಹೋಗುತ್ತೀಯಾ ಎಂದರು. ಇಲ್ಲ ಅನ್ನಲು ನನ್ನದೇನು ಕಲ್ಲೆದೆಯೇ?

ಆಂಡ್ರೊಮಿಡಾ ಎಂದರೆ ನಮ್ಮ ಗ್ಯಾಲಕ್ಸಿಯ ಪಕ್ಕದ ದೊಡ್ಡ ಮನೆ. ಸಾವಿರ ವರ್ಷದ ಹಿಂದೆ ಪರ್ಷಿಯಾದವನೊಬ್ಬ ಬರಿಗಣ್ಣಿನಲ್ಲಿ ನೋಡಿ, ಪುಟ್ಟ ಮೋಡವೊಂದಿದೆ ಎಂದು ಬರೆದಿಟ್ಟ. (ಅವನೂರಲ್ಲಿ ಯುವಕರ ಸಂಘ ಇರಲಿಲ್ಲ. ಪುಣ್ಯವಂತ.) ಆಮೇಲೆ, ಈಗ್ಗೆ ಇನ್ನೂರೈವತ್ತು ವರ್ಷದ ಹಿಂದೆ, ಫ್ರಾನ್ಸಿನಲ್ಲಿ ಧೂಮಕೇತು ಹುಡುಕುತ್ತಿದ್ದವನೊಬ್ಬ ಅದನ್ನು ತನ್ನ ಪಟ್ಟಿಗೆ ಸೇರಿಸಿದ. ನಂಬರ್ ಮೂವತ್ತೊಂದು. ಮಜಾ ಏನು ಗೊತ್ತೆ? ಅದು ನೋಡಬೇಕಾದವುಗಳ ಪಟ್ಟಿಯಲ್ಲ. ಧೂಮಕೇತು ಅಂದುಕೊಂಡು ಮೋಸ ಹೋಗಬೇಡಿ, ಇವನ್ನು ಬಿಟ್ಟು ಮುಂದೆ ಹೋಗಿ ಎನ್ನುವ ಪಟ್ಟಿ. ಅವನು ಬೇಡವೆಂದು ಪಕ್ಕಕ್ಕಿಟ್ಟ ಗ್ಯಾಲಕ್ಸಿ, ನೆಬ್ಯುಲಾ, ನಕ್ಷತ್ರಗುಚ್ಛಗಳೇ ಇವತ್ತು ಟೆಲಿಸ್ಕೋಪ್ ಇಟ್ಟುಕೊಂಡವರ ಹಬ್ಬದೂಟ. ಅವನು ಹಿಡಿದ ಧೂಮಕೇತುಗಳು ಯಾರಿಗೆ ನೆನಪಿವೆ?

ಅವನ ಪಟ್ಟಿಯಲ್ಲಿ ನೂರು ಚಿಲ್ಲರೆ ಇವೆ. ನಮ್ಮ ಸಂಘದ ಆಮಂತ್ರಣ ಪತ್ರಿಕೆಯಲ್ಲೂ ಹೆಚ್ಚು ಕಡಿಮೆ ಅಷ್ಟೇ ಹೆಸರು. ದಿವ್ಯ ಸಾನ್ನಿಧ್ಯ, ಘನ ಉಪಸ್ಥಿತಿ, ಅಧ್ಯಕ್ಷತೆ, ಮುಖ್ಯ ಅತಿಥಿ, ವಿಶೇಷ ಆಹ್ವಾನಿತರು. ಯಾರದಾದರೂ ಹೆಸರು ಬಿಟ್ಟುಹೋದರೆ ಆ ಮನೆಯವರು ವರ್ಷವಿಡೀ ಮುಖ ಊದಿಸಿಕೊಂಡಿರುತ್ತಾರೆ. ಆಂಡ್ರೊಮಿಡಾದ ಹೆಸರು ಬಿಟ್ಟುಹೋಗಿತ್ತು. ಅದು ಮುಖ ಊದಿಸಿಕೊಳ್ಳುವುದಿಲ್ಲವಲ್ಲ.

ಕತ್ತಲಾಗುವ ಮೊದಲೇ ನಾವು ಅಲ್ಲಿದ್ದೆವು. ತುಮಕೂರಿನ ಹೆಣ್ಣುಮಗಳು ವಾಯವ್ಯದ ಕಡೆ ಕೈ ತೋರಿಸಿ, ಈ ಗ್ಯಾಲಕ್ಸಿ ಬೇಗ ಬೆಟ್ಟದ ಹಿಂದೆ ಇಳಿದುಬಿಡುತ್ತೆ, ಮೊದಲು ಇದನ್ನೇ ನೋಡಿಬಿಡೋಣ ಎಂದರು. ಮೇಡಂ ಕನ್ನಡಕ ಒರೆಸಿಕೊಂಡು ಎದ್ದರು.

ಸಂಘದ ಅಧ್ಯಕ್ಷ ಓಬಳೇಶ್ ಅಡ್ಡ ಬಂದ. ಉದ್ಘಾಟನೆ ಆಗದೆ ನೋಡುವುದು ಹೇಗೆ?

ಅತಿಥಿಗಳು ಮಧುಗಿರಿ ಬಿಟ್ಟಿದ್ದಾರೆ ಎಂದರು. ನಮ್ಮ ಕಡೆ ‘ಬಿಟ್ಟಿದ್ದಾರೆ’ ಎಂದರೆ ಇನ್ನೂ ಸ್ನಾನಕ್ಕೆ ಹೋಗಿದ್ದಾರೆ ಎಂದರ್ಥ. ಕೊನೆಗೂ ಬಂದರು. ಪ್ರಾರ್ಥನೆ, ಸ್ವಾಗತ, ಹಾರ, ಶಾಲು, ಪೇಟ. ಒಬ್ಬೊಬ್ಬರಿಗೂ ಹಾರ, ಒಬ್ಬೊಬ್ಬರಿಗೂ ಫೋಟೊ. ಮುಖ್ಯ ಅತಿಥಿಗಳು ಚಂದ್ರನ ಮೇಲೆ ನಾವು ಇಳಿದದ್ದು, ಊರಿಗೆ ತಾವು ಹಾಕಿಸಿದ ಸಿ.ಸಿ. ರಸ್ತೆ, ಎರಡನ್ನೂ ಒಂದೇ ಉಸಿರಿನಲ್ಲಿ ಹೊಗಳಿದರು. ಅಷ್ಟು ಹೊತ್ತೂ ಮೇಡಂ ವೇದಿಕೆಗೆ ಬೆನ್ನು ಹಾಕಿ ಬೆಟ್ಟದ ಕಡೆಯೇ ನೋಡುತ್ತಾ ಕೂತಿದ್ದರು.

ಆಮೇಲೆ ಅತಿಥಿಗಳು ಒಂದು ಸ್ವಿಚ್ ಒತ್ತಿದರು.

ಮೈದಾನದ ಮೂಲೆಯಲ್ಲಿ ಹೈಮಾಸ್ಟ್ ಲೈಟು ಹೊತ್ತಿಕೊಂಡಿತು. ಹೊಸದು. ಇರುವೆಯೂ ಕಾಣುವಂಥ ಬೆಳಕು. ಜನ ಚಪ್ಪಾಳೆ ತಟ್ಟಿದರು. ನಕ್ಷತ್ರ ನೋಡಲು ಬರುವವರಿಗೆ ಕತ್ತಲೆಯಿಂದ ತೊಂದರೆಯಾಗಬಾರದೆಂದು ಈ ಕೊಡುಗೆ ಎಂದು ಓಬಳೇಶ್ ಮೈಕಿನಲ್ಲಿ ಹೇಳಿದ. ತಮಾಷೆ ಮಾಡುತ್ತಿಲ್ಲ. ಹೀಗೇ ಹೇಳಿದ.

ಟೆಲಿಸ್ಕೋಪಿನವರು ತಲೆಯ ಮೇಲೆ ಕೈ ಹೊತ್ತರು. ಮೇಡಂ ಹೋಗಿ ಕಣ್ಣಿಟ್ಟರು. ಬಹಳ ಹೊತ್ತು ಬಗ್ಗಿಯೇ ಇದ್ದರು. ಹಾಲು ಚೆಲ್ಲಿದ ಹಾಗೆ ಬರೀ ಬಿಳಿ ಕಾಣುತ್ತಿದೆ ಎಂದರು. ಆರೋಗ್ಯವಂತ ಕಣ್ಣಿಟ್ಟುಕೊಂಡು ನಾನು ನೋಡಿದೆ. ನನಗೂ ಅಷ್ಟೇ.

ಲೈಟು ಆಫ್ ಮಾಡಿಸಿ ಎಂದು ಟೆಲಿಸ್ಕೋಪಿನವರು ಬೇಡಿಕೊಂಡರು. ನಾನು ದನಿ ಏರಿಸಿದೆ. ಕೊನೆಗೆ ಮೇಡಂ ತಾವೇ ಓಬಳೇಶನ ಹತ್ತಿರ ಹೋದರು. ಅವನೂ ಅವರ ಶಿಷ್ಯನೇ.

“ಅಬ್ಬಾಯಿ, ಐದೇ ಐದು ನಿಮಿಷ ಆರಿಸಪ್ಪ. ನನಗೆ ಇನ್ನೊಂದು ಸಲ ಸಿಗಾಕಿಲ್ಲ.”

ಓಬಳೇಶ್ ಬಗ್ಗಿ ಅವರ ಕಾಲು ಮುಟ್ಟಿದ. “ನೀವು ಏನ್ ಬೇಕಾದ್ರೂ ಕೇಳಿ ಮೇಡಂ, ಇದೊಂದು ಬುಟ್ಟು. ಈಗಿನ್ನೂ ಹಚ್ಚಿರೋ ದೀಪ ಆರಿಸುದ್ರೆ ಊರಿಗೆ ಒಳ್ಳೇದಾಗಾಕಿಲ್ಲ. ಸಾಹೇಬ್ರು ಬೇರೆ ಇಲ್ಲೇ ಅವ್ರೆ.”

ಓಬಳೇಶ್ ಕೆಟ್ಟವನಲ್ಲ. ಅದೇ ಕಷ್ಟ. ಕೆಟ್ಟವನಾಗಿದ್ದರೆ ನಾಲ್ಕು ಬೈದು ಹಗುರಾಗಬಹುದಿತ್ತು. ಅವನಿಗೆ ಮೇಡಂ ಮೇಲೆ ನಿಜವಾದ ಭಕ್ತಿಯಿದೆ. ನಮ್ಮ ಭಕ್ತಿಯೆಲ್ಲ ಇಂಥದೇ: ಕಾಲು ಮುಟ್ಟುತ್ತೇವೆ, ಕೇಳಿದ್ದು ಮಾತ್ರ ಕೊಡುವುದಿಲ್ಲ. ನಾವು ಅವರನ್ನೇ ವೇದಿಕೆಗೆ ಹತ್ತಿಸಿ, ಶಾಲು ಹೊದಿಸಿ, ಪೇಟ ಇಟ್ಟೆವು. ಪೇಟ ದೊಡ್ಡದು, ಹುಬ್ಬಿನ ಕೆಳಗೆ ಜಾರಿತು. ಇರುವ ಒಂದು ಕಣ್ಣನ್ನೂ ಮುಚ್ಚಿಯೇ ಸನ್ಮಾನ ಮಾಡಿದೆವು. ಜೀವಮಾನವಿಡೀ ಮಕ್ಕಳಿಗೆ ಆಕಾಶ ತೋರಿಸಿದವರು ಎಂದು ಓಬಳೇಶ್ ಗದ್ಗದಿತನಾದ.

ಸಾಹೇಬರು ಊಟ ಮುಗಿಸಿ ಹೊರಡುವ ಹೊತ್ತಿಗೆ ಗ್ಯಾಲಕ್ಸಿ ಬೆಟ್ಟದ ಹಿಂದಕ್ಕೆ ಹೋಗಿತ್ತು. ಬೇರೆ ಏನಾದರೂ ತೋರಿಸಲೇ, ಕೃತ್ತಿಕೆ ಈ ಬೆಳಕಲ್ಲೂ ಸಿಗುತ್ತೆ ಎಂದು ಟೆಲಿಸ್ಕೋಪಿನವರು ಸಂಕೋಚದಿಂದ ಕೇಳಿದರು. ಅದು ಚಿಕ್ಕಂದಿನಿಂದ ಅಂಗಳದಲ್ಲೇ ನೋಡಿದ್ದೀನಮ್ಮ ಎಂದು ಮೇಡಂ ಕಾರು ಹತ್ತಿದರು. ನನಗೆ ಸಿಟ್ಟು ಬಂದಿತ್ತು, ಅದಕ್ಕಿಂತ ಹೆಚ್ಚಾಗಿ ನಾಚಿಕೆಯಾಗಿತ್ತು.

ಯೋಚಿಸಿ ನೋಡಿ. ಪುಕ್ಕಟೆ ಸಿಗುವುದು ಕತ್ತಲೆಯೊಂದೇ. ಟೆಂಡರ್ ಬೇಡ, ಕಂಟ್ರಾಕ್ಟರ್ ಬೇಡ. ಬಹುಶಃ ಅದಕ್ಕೇ ಅದರ ಮೇಲೆ ಯಾರಿಗೂ ಗೌರವವಿಲ್ಲ. ಬೆಟ್ಟಕ್ಕೊಂದು ಫೋಕಸ್ ಲೈಟು, ಗೋಪುರಕ್ಕೊಂದು ಸೀರಿಯಲ್ ಸೆಟ್ಟು, ಸರ್ಕಲ್ಲಿಗೊಂದು ಹೈಮಾಸ್ಟು. ರಸ್ತೆಗೆ ಬೆಳಕು ಬೇಡ ಎಂದು ಯಾರು ಹೇಳಿದರು? ಆದರೆ ಆಕಾಶ ನೋಡಲು ಕರೆದವರನ್ನೂ ಬೆಳಕಿನಲ್ಲಿ ಅದ್ದಿ ಕೂರಿಸಬೇಕೇ?

ಮೊನ್ನೆ ಓಬಳೇಶ್ ಫೋನ್ ಮಾಡಿದ್ದ. ಕಾರ್ಯಕ್ರಮ ಅಭೂತಪೂರ್ವ ಯಶಸ್ಸು ಕಂಡಿತು ಎಂದು ಅಂಕಣದಲ್ಲಿ ಬರೆಯಬೇಕಂತೆ. (ಬರೆದಿದ್ದೇನೆ, ಓದಿಕೊಳ್ಳಲಿ.) ಮೇಡಂ ಬೇಜಾರು ಮಾಡಿಕೊಂಡಿದ್ದು ಅವನ ಮನಸ್ಸಿಗೂ ಚುಚ್ಚಿದೆಯಂತೆ. ಮುಂದಿನ ವರ್ಷ ಸಾಹೇಬರು ಬರುವ ಮೊದಲೇ, ಲೈಟು ಆಫ್ ಮಾಡಿಸಿ, ಅವರಿಗೇ ಫಸ್ಟ್ ಚಾನ್ಸ್ ಕೊಡುತ್ತಾನಂತೆ.

ಅದನ್ನು ಹೋಗಿ ಮೇಡಂಗೆ ಹೇಳಿದೆ. ಕಾಣದ ಕಣ್ಣಿನ ಕಡೆ ಕೂತಿದ್ದ ನನ್ನತ್ತ ಅವರು ತಿರುಗಿದರು.

“ಹೇಳಪ್ಪ ಅವನಿಗೆ, ಮುಂದಿನ ವರ್ಷ ನನಗೋಸ್ಕರ ಲೈಟು ಆರಿಸೋ ತೊಂದ್ರೆ ಇರಲ್ಲ ಅಂತ.”