ನಿದ್ದೆಯಲ್ಲಿದ್ದವಳ ಒಪ್ಪಿಗೆ

ಹರಿಹರದ ಹೈಸ್ಕೂಲೊಂದರಲ್ಲಿ ನಾನು ಜೀವಶಾಸ್ತ್ರದ ಟೀಚರ್. ಮನೆ ದಾವಣಗೆರೆಯಲ್ಲಿ, ಬೆಳಿಗ್ಗೆ ಬಸ್ಸಿಗೆ ಹೋಗಿ ಸಂಜೆ ಬಸ್ಸಿಗೆ ವಾಪಸು. ಕೆಲವು ವರ್ಷಗಳ ಹಿಂದೆ ವಿಜ್ಞಾನ ನಾಟಕ ಸ್ಪರ್ಧೆಗೆ ಮಕ್ಕಳನ್ನು ತಯಾರು ಮಾಡುವ ಕೆಲಸ ನನ್ನ ಪಾಲಿಗೆ ಬಂತು. ನೀರು ಉಳಿಸಿ, ಪ್ಲಾಸ್ಟಿಕ್ ಬಿಡಿ ಎಂಬ ನಾಟಕಗಳನ್ನು ಆಡಿ ಆಡಿ ಮಕ್ಕಳಿಗೂ ಸಾಕಾಗಿತ್ತು, ನನಗೂ ಸಾಕಾಗಿತ್ತು. ರಜೆಯಲ್ಲಿ ಕೂತು ನಾನೇ ಒಂದು ಬರೆದೆ.

ಆ ನಾಟಕದಲ್ಲಿ ಮನುಷ್ಯರೇ ಇರಲಿಲ್ಲ. ಬೇರೆ ಬೇರೆ ಗ್ರಹಗಳ ಜೀವಿಗಳು ಸೇರಿ ಒಂದು ಜೀವನೀತಿ ಮಂಡಳಿ ಮಾಡಿಕೊಂಡಿರುತ್ತವೆ. ಒಂದು ಗ್ರಹದವರ ದೇಹದ ಮೇಲೆ ಇನ್ನೊಂದು ಗ್ರಹದವರು ಏನು ಮಾಡಬಹುದು, ಏನು ಮಾಡಬಾರದು ಎಂದು ತೀರ್ಮಾನಿಸುವುದು ಅದರ ಕೆಲಸ. ಅದರ ಮುಂದೆ ಒಂದು ಅರ್ಜಿ ಬರುತ್ತದೆ. ಒಂದು ಗ್ರಹದವರಿಗೆ ದೊಡ್ಡ ಕಾಯಿಲೆ ಬಂದಿದೆ. ಅದಕ್ಕಿರುವ ಒಂದೇ ಮದ್ದು ಇನ್ನೊಂದು ಗ್ರಹದವರ ಚರ್ಮದಿಂದ ಒಸರುವ ರಸ. ಅವರೋ ವರ್ಷಗಟ್ಟಲೆ ನಿದ್ದೆ ಮಾಡುವವರು. ನಿದ್ದೆಯಲ್ಲಿ ರಸ ತೆಗೆದರೆ ಅವರಿಗೆ ನೋವಿಲ್ಲ, ಗೊತ್ತೂ ಆಗುವುದಿಲ್ಲ. ನಾನು ಬರೆದ ಮಂಡಳಿ, ಯಾರಿಗೂ ಕೆಡುಕಿಲ್ಲವೆಂದು ತೂಗಿ ನೋಡಿ, ಒಪ್ಪಿಗೆ ಕೊಡುತ್ತಿತ್ತು. ಆಮೇಲೆ ಎಲ್ಲರೂ ಸೇರಿ ಒಂದು ಹಾಡು.

ನಿದ್ದೆ ಮಾಡುವ ಜೀವಿಯ ಪಾತ್ರವನ್ನು ಒಂಬತ್ತನೇ ತರಗತಿಯ ಹುಡುಗಿಯೊಬ್ಬಳು ತಾನಾಗಿ ಕೇಳಿ ತೆಗೆದುಕೊಂಡಳು. ಮಾತು ಬಾಯಿಪಾಠ ಮಾಡುವುದು ಬೇಡವಲ್ಲ ಎಂಬುದೇ ಕಾರಣ. ಅವಳ ಅಬ್ಬಾ ಟೈಲರ್. ಪರದೆ ಬಟ್ಟೆಯ ತುಂಡುಗಳನ್ನು ಜೋಡಿಸಿ ಎಲ್ಲ ಗ್ರಹದವರಿಗೂ ಅಂಗಿ ಹೊಲಿದುಕೊಟ್ಟಿದ್ದರು. ಎರಡು ಬೆಂಚು ಕೂಡಿಸಿ, ಹಸಿರು ಬಟ್ಟೆ ಹೊದೆದು ಅವಳು ಅಲ್ಲಾಡದೆ ಮಲಗುತ್ತಿದ್ದಳು.

ಅದೇ ವಾರ ನನ್ನ ಅವ್ವ ದಾವಣಗೆರೆಯ ಆಸ್ಪತ್ರೆಯಲ್ಲಿದ್ದಳು. ಸಕ್ಕರೆ ಕಾಯಿಲೆ, ಬಲಗಾಲಿನ ಬೆರಳಿಗಾದ ಗಾಯ ಕಪ್ಪಾಗಿತ್ತು. ಮೊಣಕಾಲಿನ ಕೆಳಗೆ ತೆಗೆಯಬೇಕಾಗುತ್ತದೆ ಎಂದು ಡಾಕ್ಟರು ನನ್ನನ್ನೂ ಅಣ್ಣನನ್ನೂ ಹೊರಗೆ ಕರೆದು ಹೇಳಿದರು. ಅವ್ವನಿಗೆ ಹೇಳುವುದು ಬೇಡ, ಗಾಯ ತೊಳೆಯುತ್ತಾರೆ ಎಂದುಬಿಡೋಣ, ಎಲ್ಲ ಮುಗಿದ ಮೇಲೆ ತಾನೇ ಒಪ್ಪಿಕೊಳ್ಳುತ್ತಾಳೆ ಎಂದು ಅಣ್ಣ ಅಂದ. ನಾನು ಹೂಂ ಅಂದೆ. ನಿಜ ಹೇಳಬೇಕೆಂದರೆ, ಅವನು ತೀರ್ಮಾನ ಮಾಡಿದನಲ್ಲ ಎಂದು ನನಗೆ ಸಮಾಧಾನವೇ ಆಗಿತ್ತು. ಸಹಿ ಮಾಡಬೇಕಾದ ಕಾಗದ ಅವನ ಜೇಬಿನಲ್ಲಿತ್ತು.

ಮರುದಿನ ಶಾಲೆಯಲ್ಲಿ ತಾಲೀಮು. ಮಂಡಳಿಯ ಅಧ್ಯಕ್ಷೆ ತೀರ್ಪು ಓದಿ ಮುಗಿಸುತ್ತಿದ್ದಂತೆ ಬೆಂಚಿನ ಮೇಲಿದ್ದವಳು ಎದ್ದು ಕೂತಳು.

“ಮಿಸ್, ನನ್ನ ಒಂದ್ ಮಾತೂ ಕೇಳ್ಲಿಲ್ಲಲ್ರಿ.”

ನೀನು ನಿದ್ದೆಯಲ್ಲಿದ್ದೀಯಲ್ಲ ಎಂದೆ.

“ಮಲಗೋಕಿಂತ ಮುಂಚೆ ಎಚ್ಚರ ಇದ್ನಲ್ರಿ. ಆವಾಗ ಕೇಳ್ಬೋದಿತ್ತು.”

ಉಳಿದವರು ನಕ್ಕರು. ಕಾಯಿಲೆಯವರ ಪರವಾಗಿ ಅರ್ಜಿ ತಂದ ಹುಡುಗಿ ಮಾತ್ರ ನಗಲಿಲ್ಲ. ಅವಳಿಗೆ ಸಿಟ್ಟು ಬಂದಿತ್ತು. “ಇವ್ಳು ಏಳೋ ತನಕ ಕಾಯಿರಿ ಅಂದ್ರೆ ನಮ್ಮೋರೆಲ್ಲ ಸಾಯ್ತಾರ್ರಿ. ಅದಕ್ಕೇನ್ ಮಾಡ್ತೀರಿ?” ಎಂದಳು. ನೀವೇ ಯೋಚನೆ ಮಾಡಿಕೊಂಡು ಬನ್ನಿ ಎಂದು ಕಳಿಸಿದೆ.

ಬಸ್ಸಿಳಿದು ನೇರ ಆಸ್ಪತ್ರೆಗೆ ಹೋದೆ. ಅವ್ವನಿಗೆ ಹೇಳಲೇಬೇಕು ಎಂದಾಗ ಅಣ್ಣ ರೇಗಿದ. ಅವಳು ಎದೆ ಒಡೆದುಕೊಂಡರೆ ನೀನೇ ನೋಡಿಕೋ ಎಂದು ಹೊರಗೆ ಉಳಿದ. ನಾನು ಮಂಚದ ಪಕ್ಕ ಕೂತು, ಡಾಕ್ಟರು ಹೇಳಿದ್ದನ್ನು ಹಾಗೆಯೇ ಹೇಳಿದೆ. ಅವ್ವ ಹೊದಿಕೆ ಸರಿಸಿ ಕಾಲು ನೋಡಿಕೊಂಡಳು.

“ಇದನ್ನ ಡಾಕ್ಟ್ರು ನಿನ್ನೆನೇ ಹೇಳಿದ್ರೇನು?”

ಹೌದು ಅಂದೆ.

“ನಿನ್ನೆ ನೀವಿಬ್ರೂ ನಂಗೆ ಸೇಬು ಹೆಚ್ಚಿ ಕೊಟ್ಕೊಂತ ನಗ್ತಿದ್ರಿ.”

ಅವ್ವ ಡಾಕ್ಟರನ್ನು ಕರೆಸಿದಳು. ಬರೀ ಬೆರಳು ತೆಗೆದರೆ ಏನಾಗುತ್ತದೆ ಎಂದು ಕೇಳಿದಳು. ಮಾಡಬಹುದು, ಆದರೆ ಮತ್ತೆ ಮೇಲಕ್ಕೆ ಏರುವ ಸಂಭವವಿದೆ, ಜೀವಕ್ಕೂ ಅಪಾಯ ಎಂದು ಅವರು ಬಿಡಿಸಿ ಹೇಳಿದರು. “ಈಗ ಬೆರಳಷ್ಟೇ ತೆಗೀರಿ. ಮುಂದಿಂದು ಮುಂದೆ, ಅದನ್ನೂ ನನ್ನೇ ಕೇಳ್ರಿ” ಎಂದಳು. ನಾಲ್ಕನೇ ಇಯತ್ತೆ ಓದಿದವಳು; ಒಂದೊಂದೇ ಅಕ್ಷರ ಕೂಡಿಸಿ ಸಹಿ ಮಾಡಿದಳು. ಎರಡು ಬೆರಳು ಹೋದವು.

ಶಾಲೆಯಲ್ಲಿ ಮಕ್ಕಳು ವಾರವಿಡೀ ಜಗಳವಾಡಿ ನನ್ನ ನಾಟಕದ ಕೊನೆಯನ್ನೇ ಬದಲಿಸಿದರು. ಮಲಗಿದವರು ಏಳುವ ತನಕ ಕಾಯಬೇಕು. ಇನ್ನು ಮುಂದೆ ಅವರು ಮಲಗುವ ಮೊದಲೇ ಕೇಳಿ ಬರೆದಿಟ್ಟುಕೊಳ್ಳಬೇಕು ಎಂದು ಹೊಸ ತೀರ್ಪು. ಅರ್ಜಿ ತಂದವಳು ಮಂಡಳಿಗೆ ಕೈ ಮುಗಿಯದೆ ಹೊರಟುಹೋಗುತ್ತಾಳೆ. ಅವಳ ಗ್ರಹದಲ್ಲಿ ಒಂದಿಷ್ಟು ಜನ ಬದುಕುಳಿದರು ಎಂಬ ಮಾತು ಸೇರಿಸೋಣವೇ ಎಂದು ಕೇಳಿದೆ. ಆ ಪಾತ್ರದ ಹುಡುಗಿ, “ಬ್ಯಾಡ್ರಿ ಮಿಸ್, ಸುಳ್ಳಾಗ್ತೈತೆ” ಎಂದಳು. ಹಾಡನ್ನೂ ಕೈಬಿಟ್ಟೆವು.

ಸ್ಪರ್ಧೆ ದಾವಣಗೆರೆಯಲ್ಲಿ ನಡೆಯಿತು. ಸಂದೇಶ ಸ್ಪಷ್ಟವಿಲ್ಲ ಎಂದು ತೀರ್ಪುಗಾರರೊಬ್ಬರು ಹೇಳಿದರು, ಬಹುಮಾನ ಬರಲಿಲ್ಲ. ಮಕ್ಕಳು ಮಂಡಕ್ಕಿ ಮಿರ್ಚಿ ತಿಂದು, ತೀರ್ಪುಗಾರರನ್ನು ಬೈದುಕೊಳ್ಳುತ್ತ ಬಸ್ಸು ಹತ್ತಿದರು.

ಅವ್ವ ಮೆತ್ತನೆಯ ಚಪ್ಪಲಿ ಹಾಕಿಕೊಂಡು ಐದು ತಿಂಗಳು ಓಡಾಡಿದಳು. ಆಮೇಲೆ ಗಾಯ ಮತ್ತೆ ಬಂತು, ಮೇಲಕ್ಕೆ ಏರಿತು. ಮೊದಲೇ ಮೊಣಕಾಲಿನ ಕೆಳಗೆ ತೆಗೆದಿದ್ದರೆ ಒಂದೇ ಆಪರೇಷನ್ನಿಗೆ ಮುಗಿಯುತ್ತಿತ್ತು ಎಂದು ಡಾಕ್ಟರು ಹೇಳಿದಾಗ ಅಣ್ಣ ನನ್ನ ಮುಖ ನೋಡಿದ. ಈ ಸಲ ಡಾಕ್ಟರು ಸ್ಟೂಲು ಎಳೆದುಕೊಂಡು ಅವ್ವನ ಪಕ್ಕದಲ್ಲೇ ಕೂತು ಮಾತಾಡಿದರು. ಅವಳು ಒಪ್ಪಿ ಸಹಿ ಹಾಕಿದಳು, ಕಾಲು ತೆಗೆದರು.

ಈಗ ವಾಕರ್ ಹಿಡಿದು ಮನೆಯೊಳಗೆ ಅಡ್ಡಾಡುತ್ತಾಳೆ. ಆವತ್ತೇ ತೆಗೆಸಿಬಿಡಬೇಕಿತ್ತೇನೋ ಎಂದು ಒಮ್ಮೆ ಅಂದೆ. “ಆ ಐದು ತಿಂಗಳಾಗೆ ಲೋಕಿಕೆರೆಗೆ ಹೋಗಿದ್ನಲ್ಲ. ತಂಗಿ ಮನಿ ಮೆಟ್ಲು ನಾನೇ ಹತ್ತಿದೆ” ಎಂದಳು. ಅಣ್ಣ ಅಲ್ಲೇ ಪೇಪರು ಓದುತ್ತಿದ್ದ. ಅವ್ವನಿಗೆ ಹೇಳಿದ್ದು ಸರಿ ಎಂದು ಅವನು ಈಗಲೂ ಒಪ್ಪುವುದಿಲ್ಲ.