ಸಾರ್ವಜನಿಕರು: ಒಬ್ಬರು

ಆ ಊರಿನ ಪುರಸಭೆಯ ಸಭಾಂಗಣದಲ್ಲಿ ಸಾರ್ವಜನಿಕರಿಗೆಂದೇ ನಲವತ್ತು ಕುರ್ಚಿ ಹಾಕಿದ್ದರು. ಹದಿನಾಲ್ಕು ವರ್ಷದಿಂದ ಅಲ್ಲಿ ಬಂದು ಕೂರುತ್ತಿದ್ದವನು ಒಬ್ಬನೇ, ಬೀಗದಂಗಡಿಯವನು. ಅಲ್ಲ, ಊರಿನ ನೀರು, ಮೋರಿ, ರಸ್ತೆಯ ಹಣೆಬರಹ ಬರೆಯುವ ಜಾಗ ಅದು; ಇನ್ನೊಂದು ನರಪಿಳ್ಳೆಯಾದರೂ ಬಂದು ಇಣುಕಬೇಡವೇ? ಊಹೂಂ. ಮೋರಿ ಕಟ್ಟಿಕೊಂಡು ಮನೆಯೊಳಗೆ ನುಗ್ಗಿದ ದಿನ ಮಾತ್ರ ಎಲ್ಲರಿಗೂ ಬಾಯಿ ಬರುತ್ತಿತ್ತು.

ಊರಿನ ಕೆಲವರು ಸೇರಿಕೊಂಡು, ಸಂಬಳವಿಲ್ಲದೆ, ಬಿಡುವಿನಲ್ಲಿ ನಡೆಸುವ ಸುದ್ದಿತಾಣವೊಂದಿತ್ತು. ಶುರುವಿನಲ್ಲಿ ಹನ್ನೊಂದು ಜನ. ಏನು ಹುಮ್ಮಸ್ಸು, ಏನು ಭಾಷಣ! ಒಬ್ಬನಿಗೆ ಮದುವೆಯಾಯಿತು, ಒಬ್ಬಳಿಗೆ ವರ್ಗವಾಯಿತು, ಮೂವರಿಗೆ ತಮ್ಮತಮ್ಮಲ್ಲೇ ಜಗಳವಾಯಿತು. ಕಡೆಗೆ ಉಳಿದವರು ಇಬ್ಬರು: ಬರೆದದ್ದನ್ನು ತಿದ್ದಿ ತಾಣಕ್ಕೆ ಏರಿಸುವ ನಿವೃತ್ತ ಭೂಗೋಳದ ಮೇಷ್ಟ್ರು, ಮತ್ತು ಪುರಸಭೆಯ ಸುದ್ದಿ ಬರೆಯುವ ಈ ಬೀಗದವನು. ಹೆಂಡತಿ ತೀರಿಕೊಂಡ ಮೇಲೆ ಅವನು ದಿನಕ್ಕೆ ಹತ್ತು ಮಾತಾಡಿದರೆ ಹೆಚ್ಚು. ಅದರಲ್ಲೂ ಒಂಬತ್ತು, ಎಷ್ಟು ಕೀ ಬೇಕು ಎಂದು ಗಿರಾಕಿಗಳನ್ನು ಕೇಳುವುದೇ ಆಗಿರುತ್ತಿತ್ತು.

ತಿಂಗಳಿಗೊಮ್ಮೆ, ಸಭೆಯ ದಿನ ಮಾತ್ರ, ಅವನು ಇಸ್ತ್ರಿ ಅಂಗಿ ತೊಡುತ್ತಿದ್ದ. ಸಭೆಯ ನಡಾವಳಿ ಬರೆಯುವ ಗುಮಾಸ್ತೆ ಅವನಿಗಾಗಿ ಫ್ಯಾನಿನ ಕೆಳಗಿನ ಕುರ್ಚಿಯನ್ನು ಒರೆಸಿ ಇಟ್ಟಿರುತ್ತಿದ್ದಳು.

"ಬಂದ್ರಾ ಅಣ್ಣಾ? ಊಟ ಆಯ್ತಾ? ಏನು, ಇಷ್ಟು ಇಳಿದುಹೋಗಿದೀರ?"

ಇಡೀ ಊರಿನಲ್ಲಿ ಅವನು ಇಳಿದುಹೋದದ್ದನ್ನು ಗಮನಿಸುತ್ತಿದ್ದವಳು ಅವಳೊಬ್ಬಳೇ. ಸಭೆ ಮುಗಿದ ಮೇಲೆ ಇಬ್ಬರೂ ಮೆಟ್ಟಿಲ ಮೇಲೆ ನಿಂತು ಟೀ ಕುಡಿಯುತ್ತಿದ್ದರು. ಅವಳು ಅತ್ತೆಯ ಮಂಡಿನೋವಿನ ಸುದ್ದಿ ಹೇಳುತ್ತಿದ್ದಳು, ಮಗಳ ಪರೀಕ್ಷೆಯ ಸುದ್ದಿ ಹೇಳುತ್ತಿದ್ದಳು, ಅಧ್ಯಕ್ಷರು ಆಕಳಿಸುವುದನ್ನು ಮಾಡಿ ತೋರಿಸುತ್ತಿದ್ದಳು. ಅವನಿಗೆ ಆ ಹತ್ತು ನಿಮಿಷ ಇಡೀ ತಿಂಗಳಿಗೆ ಆಗುತ್ತಿತ್ತು.

ಆ ವರ್ಷ ಅವನಿಗೆ ಜ್ವರ ಬಂತು. ಅಂತಿಂಥದ್ದಲ್ಲ, ಎಂಟು ದಿನ ಚಾಪೆಗೇ ಅಂಟಿಕೊಂಡ. ಅಂಗಡಿ ಮುಚ್ಚಿತ್ತು, ಸಭೆಯೂ ತಪ್ಪಿತು. ಯಾರಾದರೂ ಬಂದಾರು ಎಂದು ಮೊದಲ ಮೂರು ದಿನ ಬಾಗಿಲಿನ ಅಗುಳಿಯನ್ನೂ ಹಾಕಿರಲಿಲ್ಲ. ಒಂದು ನಾಯಿ ಬಂದು ನೋಡಿ ಹೋಯಿತು, ಅಷ್ಟೇ.

ಎದ್ದು ಓಡಾಡುವಂತಾದ ಮೇಲೆ ಪುರಸಭೆಗೆ ಹೋಗಿ ಫಲಕಕ್ಕೆ ಅಂಟಿಸಿದ್ದ ನಡಾವಳಿ ಓದಿದ. ಆಸ್ಪತ್ರೆಯ ಮುಂದಿನ ಬಸ್‌ ನಿಲ್ದಾಣವನ್ನು ಹೊಸ ಮಾರುಕಟ್ಟೆಯ ಬಳಿಗೆ ಸಾಗಿಸಲು ತೀರ್ಮಾನವಾಗಿತ್ತು. ಇಂಥ ತೀರ್ಮಾನಕ್ಕೆ ಸಾರ್ವಜನಿಕರು ಒಬ್ಬರಾದರೂ ಎದುರಿಗಿರಬೇಕು, ಅವರ ತಕರಾರು ಕೇಳಬೇಕು ಎಂಬುದು ನಿಯಮ. ಕೆಳಗೆ ಗುಮಾಸ್ತೆಯ ಗುಂಡನೆಯ ಅಕ್ಷರದಲ್ಲಿ ಬರೆದಿತ್ತು: 'ಹಾಜರಿದ್ದ ಸಾರ್ವಜನಿಕರು: ಒಬ್ಬರು. ಆಕ್ಷೇಪಣೆ: ಇಲ್ಲ.'

ಅವನಿಗೆ ಮೊದಲು ನಗು ಬಂತು. ಆಮೇಲೆ ಆ ಸಾಲನ್ನು ಇನ್ನೊಮ್ಮೆ ಓದಿದ. ಮನೆಯಲ್ಲಿ ಚಾಪೆಗೆ ಅಂಟಿಕೊಂಡು ನರಳುತ್ತಿದ್ದವನನ್ನು ಇಲ್ಲಿ ಕುರ್ಚಿಯಲ್ಲಿ ಕೂರಿಸಿ, ಬಾಯಿಯನ್ನೂ ಮುಚ್ಚಿಸಿಬಿಟ್ಟಿದ್ದರು!

ಅವಳನ್ನು ಪಕ್ಕಕ್ಕೆ ಕರೆದು ಕೇಳಿದ. ಅವಳ ಮುಖ ಬಿಳಿಚಿಕೊಂಡಿತು.

"ಅಯ್ಯೋ ಅಣ್ಣಾ, ಆ ಸಾಲನ್ನ ಸಭೆಗೆ ಮುಂಚೇನೇ ಬರೆದಿಟ್ಟಿರ್ತೀನಿ. ಹದಿನಾಲ್ಕು ವರ್ಷದಿಂದ ಹಾಗೇ. ನೀವು ಬರದೇ ಇರೋದು ಉಂಟಾ? ಅವತ್ತು ತಲೆ ಎತ್ತಿ ನೋಡೋಕೂ ಪುರುಸೊತ್ತಿರಲಿಲ್ಲ."

"ನಾನು ಇರಲಿಲ್ಲಮ್ಮಾ. ಜ್ವರ ಬಂದು ಮಲಗಿದ್ದೆ."

"ಗೊತ್ತಾಗಲಿಲ್ಲ ಅಣ್ಣಾ. ತಪ್ಪಾಯ್ತು." ಅವಳು ಅತ್ತಿತ್ತ ನೋಡಿ ದನಿ ತಗ್ಗಿಸಿದಳು. "ಇದನ್ನ ಬರೀಬೇಡಿ. ಸುಳ್ಳು ದಾಖಲೆ ಅಂತಾರೆ. ಮುಂದಿನ ತಿಂಗಳು ನನ್ನ ಬಡ್ತಿ ಫೈಲು ಮೇಲೆ ಹೋಗತ್ತೆ. ಎಂಟು ವರ್ಷ ಕಾದಿದೀನಿ. ನನ್ನ ಹೊಟ್ಟೆ ಮೇಲೆ ಹೊಡೀಬೇಡಿ."

ಬರೆಯುವುದಿಲ್ಲ ಎಂದು ಅವನು ಮಾತು ಕೊಟ್ಟ. ಯಾಕೆ ಕೊಡಬಾರದು? ಇದ್ದ ಒಬ್ಬ ತಂಗಿ ಅವಳು. ಬಸ್ಸು ಎಲ್ಲಿ ನಿಂತರೆ ಅವನಿಗೇನು, ಅವನೇನು ಬಸ್ಸು ಹತ್ತುವವನೇ?

ಆದರೆ ಆ ಹಾಳು ಹೊಸ ನಿಲ್ದಾಣದಿಂದ ಆಸ್ಪತ್ರೆಗೆ ಹೋಗುವ ದಾರಿಯಲ್ಲೇ ಇತ್ತು ಅವನ ಅಂಗಡಿ. ನಿಲ್ದಾಣ ಅಲ್ಲಿಗೆ ಹೋದ ಎರಡನೇ ವಾರದ ಹೊತ್ತಿಗೆ ಅಂಗಡಿಯ ಮೆಟ್ಟಿಲು ರೋಗಿಗಳ ತಂಗುದಾಣವಾಯಿತು. ಒಂದು ಬೆಳಿಗ್ಗೆ ತುಂಬು ಬಸುರಿಯೊಬ್ಬಳು ಬಂದು ಕೂತಳು. ಬೆವರು ಧಾರಾಕಾರ, ತುಟಿ ಒಣಗಿತ್ತು. ಜೊತೆಗೆ ಬಂದಿದ್ದ ತಾಯಿ, "ಇನ್ನೂ ಎಷ್ಟು ದೂರ ಯಜಮಾನ್ರೇ?" ಎಂದಳು. ಅವನು ನೀರು ಕೊಟ್ಟ, ಆಟೋ ಹಿಡಿದುಕೊಟ್ಟ. "ಯಾವ ಪುಣ್ಯಾತ್ಮ ಕೂತು ಒಪ್ಪಿದನೋ ಇದಕ್ಕೆ!" ಎಂದು ಶಪಿಸಿಕೊಂಡೇ ಆ ತಾಯಿ ಆಟೋ ಹತ್ತಿದಳು. ಅಂದು ಅವನು ಅರದಲ್ಲಿ ಉಜ್ಜಿ ಒಂದು ಕೀಯನ್ನೂ ಸರಿಯಾಗಿ ಮಾಡಲಿಲ್ಲ.

ಇದನ್ನು ಬರೆಯಲೇ ಎಂದು ಮೇಷ್ಟ್ರನ್ನು ಕೇಳಿದರೆ ಅವರು, "ನಾನು ಸಂಬಳ ಕೊಡಲ್ಲ, ಹಾಗಾಗಿ ಅಪ್ಪಣೇನೂ ಕೊಡಲ್ಲಪ್ಪ. ನೀನು ಕಳಿಸಿದ್ರೆ ಹಾಕ್ತೀನಿ" ಎಂದು ಫೋನಿಟ್ಟರು. ಮೂರು ದಿನ ಒಳಗೊಳಗೇ ಬೆಂದ. ನಾಲ್ಕನೆಯ ದಿನ ಬರೆದ, ಐದೇ ಸಾಲು: ಆ ಸಭೆಯಲ್ಲಿ ಸಾರ್ವಜನಿಕರು ಯಾರೂ ಇರಲಿಲ್ಲ, ಇದ್ದರೆಂದು ದಾಖಲಾಗಿರುವ ಒಬ್ಬರು ನಾನೇ, ನಾನು ಅಂದು ಮನೆಯಲ್ಲಿ ಜ್ವರದಿಂದ ಮಲಗಿದ್ದೆ.

ಅಷ್ಟು ಸಾಕಾಯಿತು. ತೀರ್ಮಾನ ಬಿದ್ದುಹೋಯಿತು, ಬಸ್ಸು ಮತ್ತೆ ಆಸ್ಪತ್ರೆಯ ಮುಂದೆ ನಿಲ್ಲತೊಡಗಿತು. ಅಂಗಡಿಯ ಮೆಟ್ಟಿಲು ಮತ್ತೆ ಖಾಲಿಯಾಯಿತು. ಜನ ಬಸ್ಸಿಳಿದು ನೆಟ್ಟಗೆ ಆಸ್ಪತ್ರೆಗೆ ಹೋದರು, ಇದು ಹೇಗಾಯಿತೆಂದು ಯಾರೂ ಕೇಳಲಿಲ್ಲ. ಗುಮಾಸ್ತೆಯ ಬಡ್ತಿ ಫೈಲು ಕಪಾಟಿನಲ್ಲೇ ಉಳಿಯಿತು. ಅವಳನ್ನು ಕೆಳಗಿನ ಜನನ ಮರಣ ನೋಂದಣಿಯ ಕಿಟಕಿಗೆ ಹಾಕಿದರು.

ಒಂದು ತಿಂಗಳು ಕಾದು, ಇಸ್ತ್ರಿ ಅಂಗಿ ತೊಟ್ಟು, ಅವನು ಆ ಕಿಟಕಿಯ ಸಾಲಿನಲ್ಲಿ ನಿಂತ. ಏನು ಹೇಳಬೇಕೆಂದು ದಾರಿಯುದ್ದಕ್ಕೂ ಜೋಡಿಸಿಕೊಂಡು ಬಂದಿದ್ದ. ಸರದಿ ಬಂತು. ಅವಳು ಮುಖವೆತ್ತಿದಳು.

"ಏನಾಗಬೇಕಿತ್ತು ಸಾರ್‌?"

ಸಾರ್‌! ಜೋಡಿಸಿಕೊಂಡದ್ದೆಲ್ಲ ಮರೆತೇಹೋಯಿತು. ಹಿಂದಿನವರು ತಳ್ಳುತ್ತಿದ್ದರು. ಏನಾದರೂ ಕೇಳಲೇಬೇಕಲ್ಲ, "ನನ್ನ ಜನನ ಪತ್ರ..." ಎಂದುಬಿಟ್ಟ. ಐವತ್ತೆಂಟು ವರ್ಷದಲ್ಲಿ ಒಂದು ದಿನವೂ ಅವನಿಗೆ ಅದು ಬೇಕಾಗಿರಲಿಲ್ಲ.

ಅವಳು ಅರ್ಜಿ ತೆಗೆದಳು. ಹೆಸರು ಕೇಳಿದಳು, ತಂದೆಯ ಹೆಸರು ಕೇಳಿದಳು, ಮನೆ ನಂಬರು ಕೇಳಿದಳು. ಅವನು ಹೇಳಿದ್ದನ್ನೆಲ್ಲ ಅದೇ ಗುಂಡನೆಯ ಅಕ್ಷರದಲ್ಲಿ ತುಂಬಿದಳು. ಸಿಟ್ಟಿಲ್ಲ, ವ್ಯಂಗ್ಯವಿಲ್ಲ, ಎಲ್ಲರೊಂದಿಗೂ ಆಡುವ ಮರ್ಯಾದೆಯ ಮಾತು.

"ಇಲ್ಲಿ ಇನ್ನೊಬ್ಬರ ಸಹಿ ಬೇಕು ಸಾರ್‌. ನಿಮ್ಮನ್ನ ಹತ್ತು ವರ್ಷಕ್ಕಿಂತ ಹೆಚ್ಚಿಂದ ಬಲ್ಲೋರು ಆಗಿರಬೇಕು. ಯಾರಿದ್ದಾರೆ?"

ಅವನು ಅವಳನ್ನೇ ನೋಡಿದ. ಅವಳು ಪೆನ್ನನ್ನು ಆ ಖಾಲಿ ಗೆರೆಯ ಮೇಲಿಟ್ಟುಕೊಂಡು ಕಾದಳು.

"ಯಾರೂ ಇಲ್ಲಮ್ಮಾ," ಎಂದ.

"ಹಾಗಾದ್ರೆ ಯಾರನ್ನಾದರೂ ಕರ್ಕೊಂಡು ಬನ್ನಿ," ಎಂದು ಅರ್ಜಿಯನ್ನು ಅವನ ಕೈಗಿಟ್ಟು, ಅವಳು ಅವನ ಹಿಂದಿದ್ದವರನ್ನು ಕರೆದಳು.