ಒಂದೇ ಕೂಗಿನ ಬಾಗಿಲು

ಗುಜರಿಯಿಂದ ತಂದ ಹಳೇ ಡಬ್ಬಾ ಟೀವಿ ಬಿಸಿಯಾಗುತ್ತಲೇ ಸುಟ್ಟ ಧೂಳಿನ ವಾಸನೆ ಬಂತು. ಆದೋನಿಯ ನಮ್ಮ ಓಣಿಯಲ್ಲಿ ಆ ವಾಸನೆ ಇದ್ದದ್ದು ಪಕ್ಕದ ಮನೆ ದೊಡ್ಡವ್ವನ ಪಡಸಾಲೆಯಲ್ಲಿ...

ನಾನೂ ನನ್ನ ತಂಗಿಯೂ ಸೇರಿ ದೆವ್ವದ ವಿಡಿಯೋ ಗೇಮ್ ಒಂದನ್ನು ಮಾಡುತ್ತಿದ್ದೇವೆ. ಕಥೆ, ಚಿತ್ರ ನನ್ನವು, ಕೋಡಿಂಗ್ ಅವಳದು. ಹತ್ತಿ ಮಿಲ್ಲಿನ ಹಿಂದಿನ ಓಣಿ, ಬೀಗ ಬಿದ್ದ ಮನೆ. ಅಲ್ಲಿ ಸತ್ತವರು ಯಾರು, ಹೇಗೆ ಎಂದು ಆಡುವವರು ಹುಡುಕಬೇಕು. ಚಿತ್ರವೆಲ್ಲ ಹಳೇ ಗೇಮುಗಳಂತೆ ದಪ್ಪ ದಪ್ಪ ಚೌಕಗಳು, ಮಂಕು ಬಣ್ಣ. ಹಳೇ ಪರದೆಯ ಮೇಲೆ ಅದು ಹೇಗೆ ಕಾಣುತ್ತದೋ ನೋಡೋಣವೆಂದು ಈ ಟೀವಿ ತಂದದ್ದು.

ಚಿಕ್ಕವರಿದ್ದಾಗ ಬೇಸಿಗೆ ರಜೆಯಲ್ಲಿ ನಾವು ದೊಡ್ಡವ್ವನ ಟೀವಿಗೇ ಗೇಮ್ ಜೋಡಿಸಿ ಆಡುತ್ತಿದ್ದೆವು. "ಏನ್ ಕುಣಿಸ್ತೀರವ್ವಾ ಆ ಗೊಂಬಿನ! ಕಣ್ಣು ಹೋಗ್ತಾವ!" ಎಂದು ಬೈದು, ಉಗ್ಗಾಣಿಯ ತಟ್ಟೆ ಮುಂದಿಡುತ್ತಿದ್ದಳು. ಮುಸ್ಸಂಜೆಯಾದರೆ ಆಕೆಯೇ ಬೇರೆ. ಎಲ್ಲೋ ಯಾರೋ ಯಾರನ್ನೋ ಕರೆದರೂ ಸಾಕು, "ಬಂದೆ, ಬಂದೆ" ಎಂದು ಓಡಿ ಬಾಗಿಲು ತೆಗೆಯುತ್ತಿದ್ದಳು. ಹೊರಗೆ ಯಾರೂ ಇರುತ್ತಿರಲಿಲ್ಲ.

ನಮ್ಮ ಕಡೆ ಮುಸ್ಸಂಜೆ ಹೊತ್ತಲ್ಲಿ ಒಂದೇ ಕೂಗಿಗೆ ಓಗೊಡುವುದಿಲ್ಲ. ದೆವ್ವ ಒಂದೇ ಸಲ ಕರೆಯುತ್ತದೆ, ಮನುಷ್ಯರಾದರೆ ಮತ್ತೆ ಕರೆಯುತ್ತಾರೆ ಎಂಬ ನಂಬಿಕೆ. ದೊಡ್ಡವ್ವನೂ ಒಂದು ಸಂಜೆ ಹಾಗೇ ಕಾದಿದ್ದಳಂತೆ. ಎಮ್ಮಿಗನೂರಿಗೆ ಹೋಗಿ ಬಂದ ಗಂಡ ಬಾಗಿಲ ಹೊರಗೆ ಎದೆ ಹಿಡಿದುಕೊಂಡು ಒಂದು ಸಲ ಕರೆದಿದ್ದ. ಎರಡನೇ ಕೂಗು ಬರಲೇ ಇಲ್ಲ...

"ದನಿ ಗುರ್ತು ಸಿಕ್ಕಿತ್ತವ್ವಾ," ಎಂದು ಒಮ್ಮೆ ನನ್ನ ಮುಂದೆ ಬಾಯಿಬಿಟ್ಟಿದ್ದಳು. "ಆದ್ರೂ ಕುಂತೆ."

ಈಗ ತಂಗಿಯದು ಒಂದೇ ಹಟ. "ಅಕ್ಕಾ, ಒಂದೇ ಕೂಗಿಗೆ ಬಾಗ್ಲಾ ತಗದ್ರ ಗೇಮ್ ಓವರ್. ಎಲ್ಲಾರೂ ಹೆದರ್ತಾರ ನೋಡು."

ಹೆದರುತ್ತಾರೆ, ಯಾಕಿಲ್ಲ! ಆದರೆ ಹೊರಗೆ ನಿಂತವನನ್ನು ದೆವ್ವವೆಂದು ಬರೆಯಲು ನನಗೆ ಮನಸ್ಸು ಬರಲಿಲ್ಲ. "ತಗದವ್ರಿಗೆ ಏನೂ ಆಗಬಾರ್ದು," ಎಂದೆ. "ಕುಂತವ್ರಿಗೆ ದಿನಾ ಸಂಜಿಗೆ ಆ ಕೂಗು ಕೇಳಬೇಕು." ತಂಗಿ ಕೋಡ್ ಬದಲಿಸಿದಳು.

ಗೇಮಿಗೆಂದು ದೊಡ್ಡವ್ವನ ಮುಖ ಬರೆಯಲು ಕೂತರೆ ನೆನಪಾಗಲೊಲ್ಲದು. ಸೆರಗಿಗೆ ನಾಲ್ಕು ಚೌಕ, ಬರಿ ಹಣೆಗೆ ಎರಡು ಇಟ್ಟೆ. ಟೀವಿಯಲ್ಲಿ ನೋಡಿದರೆ ಆಕೆಯೇ!

ಆಕೆ ತೀರಿಕೊಂಡು ಎಷ್ಟೋ ವರ್ಷವಾಯಿತು. ಮನೆ ಕೆಡವಿ ಗೋದಾಮು ಕಟ್ಟಿದ್ದಾರೆ. ನಿನ್ನೆ ಸಂಜೆ ಟೀವಿ ಆರಿಸುತ್ತಿದ್ದಾಗ ಹೊರಗಿನಿಂದ ನನ್ನ ಹೆಸರು ಕೇಳಿಸಿತು. ಒಂದೇ ಸಲ. ತಂಗಿ ಗಬಕ್ಕನೆ ಕೈ ಹಿಡಿದಳು. "ಏಳಬ್ಯಾಡಕ್ಕಾ, ಇನ್ನೊಂದ್ಸಲ ಕರೀಲಿ."

ಕೈ ಬಿಡಿಸಿಕೊಂಡು ಹೋಗಿ ಬಾಗಿಲು ತೆಗೆದೆ. ಹೊರಗೆ ಯಾರೂ ಇರಲಿಲ್ಲ.

"ಬಂದೆ, ದೊಡ್ಡವ್ವಾ," ಎಂದೆ.